ಒಂದೇ ಒಂದು ಏಟು

ಬೆಳಿಗ್ಗೆ ಏಳೂವರೆ ಹೊತ್ತು. ಪೇಪರ್ ಮಡಚಿಟ್ಟು, ಲೋಟದ ತಳದಲ್ಲಿ ಉಳಿದಿದ್ದ ಚಹಾ ಹಿಡಿದು ಹಿತ್ತಲಿಗೆ ಬಂದೆ. ಕಾಂಪೌಂಡ್ ಗೋಡೆ ಮೇಲಿದ್ದ ದಾಸವಾಳದ ಕುಂಡ ದಬಕ್ಕನೆ ನನ್ನ ಕಾಲಬುಡಕ್ಕೆ ಬಿದ್ದು ನಾಲ್ಕು ಚೂರಾಯಿತು. ಅದರ ಹಿಂದೆಯೇ ಒಂದು ಹಸಿರು ರಬ್ಬರ್ ಚೆಂಡು, ತನಗೇನೂ ಗೊತ್ತೇ ಇಲ್ಲ ಅನ್ನುವ ಹಾಗೆ ಉರುಳಿಕೊಂಡು ಬಂದು ಬಚ್ಚಲ ನೀರು ಹೋಗುವ ತೂತಿನ ಬಾಯಲ್ಲಿ ನಿಂತಿತು.

"ಕ್ರಿಕೆಟ್ ಆಡಾಕೆ ಹೈಸ್ಕೂಲ್ ಮೈದಾನ ಐತಲ್ಲ, ಅಲ್ಲಿಗೆ ಹೋಗ್ರಪ್ಪಾ!" ಎಂದು ಕೂಗಿದೆ. ದಾವಣಗೆರೆಯಲ್ಲಿ ಗೋಡೆ ಹಾರಿ ಬರುವ ಚೆಂಡಿಗೆಲ್ಲ ಕ್ರಿಕೆಟ್ಟೇ ಕಾರಣ ಎನ್ನುವುದು ನಮ್ಮ ತಲೆಯಲ್ಲಿ ಕೂತುಬಿಟ್ಟಿದೆ. ಆರ್. ವಿನಯ್ ಕುಮಾರ್ ಇದೇ ಊರಿಂದ ಹೊರಟು 'ದಾವಣಗೆರೆ ಎಕ್ಸ್‌ಪ್ರೆಸ್' ಎನ್ನಿಸಿಕೊಂಡು, ನಾಯಕನಾಗಿ ಕರ್ನಾಟಕಕ್ಕೆ ಸಾಲಾಗಿ ಎರಡು ವರ್ಷ ರಣಜಿ ಟ್ರೋಫಿ ಗೆದ್ದುಕೊಟ್ಟ ಮೇಲಂತೂ ಓಣಿಗೊಬ್ಬ ವೇಗದ ಬೌಲರು. ಕಿಟಕಿ ಗಾಜಿಗೆ ಉಳಿಗಾಲವಿಲ್ಲ.

ಗೋಡೆಯಾಚೆ ಮೊದಲು ಎರಡು ಜಡೆ, ಆಮೇಲೆ ಒಂದು ಮುಖ ಎದ್ದಿತು. ಪಕ್ಕದ ಮನೆ ಅಕ್ಕಾರ ಮೊಮ್ಮಗಳು, ಏಳನೇ ಕ್ಲಾಸು. ಕೈಯಲ್ಲಿ ಬ್ಯಾಟಿರಲಿಲ್ಲ. ಅವರಜ್ಜನ ಹಳೇ ಕರಿ ಛತ್ರಿ ಇತ್ತು, ಅದೂ ತಲೆಕೆಳಗು. ಕೊಕ್ಕೆಯಂಥ ಮರದ ಹಿಡಿ ನೆಲದ ಕಡೆ, ಕಂಬಿಯ ಚೂಪು ಮುಗಿಲ ಕಡೆ.

"ಇದು ಕ್ರಿಕೆಟ್ ಅಲ್ಲಜ್ಜ, ಗಾಲ್ಫ್. ಚೆಂಡು ಎಲ್ಲಿ ನಿಂತೈತಿ ಅಲ್ಲಿಂದಲೇ ಹೊಡೀಬೇಕು. ನಾನು ಒಳಗೆ ಬರಬೋದಾ?"

ಕುಂಡ ಒಡೆದವಳು ಕ್ಷಮೆ ಕೇಳುವುದು ಬಿಟ್ಟು ನಿಯಮ ಹೇಳುತ್ತಿದ್ದಾಳೆ! ನಾನು ಬಾಯಿ ತೆರೆಯುವಷ್ಟರಲ್ಲಿ ಅಕ್ಕಾರೇ ಮೊರ ಹಿಡಿದುಕೊಂಡು ಬಂದರು. ಜೋಳ ಹಸನು ಮಾಡುತ್ತಿದ್ದರು.

"ಏನಾತು ತಮ್ಮಾ? ಕುಂಡ ಹೋತಾ? ಹೋಗ್ಲಿ ಬಿಡು, ದುಡ್ಡು ಇವರಜ್ಜ ಕೊಡ್ತಾರೆ. ಮೊಬೈಲ್‌ನಾಗೆ ಯಾರೋ ಬೆಂಗಳೂರು ಹುಡುಗಿ ಆಡಾದು ನೋಡ್ಯಾಳ. ಆವತ್ತಿಂದ ನಮ್ಮನ್ಯಾಗೆ ಒಂದು ಛತ್ರಿನೂ ನೆಟ್ಟಗಿಲ್ಲ."

ಬೆಂಗಳೂರು ಹುಡುಗಿ ಅಂದರೆ ಅದಿತಿ ಅಶೋಕ್ ಇರಬೇಕು ಅಂದೆ. ಹುಡುಗಿಯ ಮುಖ ಅರಳಿತು. ಅಕ್ಕಾರು ಮಾತ್ರ ಮೊರ ಗೋಡೆ ಮೇಲಿಟ್ಟು, ಸಾಕ್ಷಿ ವಿಚಾರಣೆಗೆ ಕೂತ ವಕೀಲರಂತೆ ಸೆರಗು ಸರಿಮಾಡಿಕೊಂಡರು.

"ಗಾಲ್ಫ್ ಅಂದ್ರೆ ಸಾವ್ಕಾರ್ರು ವಾಕಿಂಗ್ ಹೋಗಾಕೆ ಇಟ್ಕಂಡಿರೋ ಹೆಸರಲ್ಲೇನು?"

ಪೂರಾ ಸುಳ್ಳು ಅನ್ನಲಾರೆ. ಬೆಂಗಳೂರು ಗಾಲ್ಫ್ ಕ್ಲಬ್ ಶುರುವಾಗಿದ್ದು 1876ರಲ್ಲಿ, ಬ್ರಿಟಿಷರ ಕಾಲ. ಸ್ಕಾಟ್ಲೆಂಡಿನ ಕಡಲದಂಡೆಯ ಮರಳುನೆಲದಲ್ಲಿ ಬೆಳೆದ ಆಟ ದ್ವೀಪ ಬಿಟ್ಟು ಹಡಗು ಹತ್ತಿ ಇಲ್ಲಿಗೆ ಬಂದಿತು. ಬಂದ ಮೇಲೂ ದ್ವೀಪವಾಗಿಯೇ ಉಳಿಯಿತು. ಸುತ್ತ ಟ್ರಾಫಿಕ್ಕಿನ ಹೊಳೆ, ನಡುವೆ ಬೇಲಿ ಹಾಕಿದ ಹಸಿರು ನಡುಗಡ್ಡೆ. ಬೇಸಿಗೆಯಲ್ಲಿ ಹರಿಹರದ ಸೇತುವೆ ಮೇಲೆ ನಿಂತು ನೋಡಿದರೆ ತುಂಗಭದ್ರೆ ನಡುವೆ ಮರಳಿನ ದಿಬ್ಬ ಎದ್ದಿರುತ್ತದಲ್ಲ, ಹಾಗೆ. ಕಣ್ಣಿಗೆ ಕಾಣುತ್ತದೆ, ಕಾಲಿಗೆ ಸಿಗುವುದಿಲ್ಲ.

"ಆದ್ರೆ ಅದಿತಿ ಮನ್ಯಾಗೆ ಯಾರೂ ಗಾಲ್ಫ್ ಆಡ್ತಿರಲಿಲ್ಲ ಅಕ್ಕಾರೇ" ಅಂದೆ. 1998ರಲ್ಲಿ ಹುಟ್ಟಿದ ಹುಡುಗಿ. ಐದಾರು ವರ್ಷದವಳಿದ್ದಾಗ ಅಪ್ಪ ಅಮ್ಮನ ಜೊತೆ ತಿಂಡಿಗೆ ಹೋಗುತ್ತಿದ್ದ ಹೋಟೆಲಿನಿಂದ ಕರ್ನಾಟಕ ಗಾಲ್ಫ್ ಅಸೋಸಿಯೇಷನ್ನಿನ ಹುಲ್ಲು ಕಾಣುತ್ತಿತ್ತು. ಅಲ್ಲಿ ಜನ ಅದೇನು ಮಾಡುತ್ತಾರೆ, ಅಷ್ಟು ಖುಷಿ ಯಾಕೆ ಎಂದು ಕೇಳಿದಳು. ಮೂವರೂ ಹೋಗಿ ವಿಚಾರಿಸಿದರು. ಗೇಟಿನವರು ಬೈದು ಕಳಿಸಲಿಲ್ಲ. ಅಪ್ಪ ಮಗಳು ಒಟ್ಟಿಗೇ ಕೋಲು ಹಿಡಿಯಲು ಕಲಿತರು.

"ಅದೇ ಮತ್ತೆ" ಎಂದರು ಅಕ್ಕಾರು. "ತಿಂಡಿ ತಿನ್ನೋ ಹೋಟ್ಲು ಎಲ್ಲಿರುತ್ತೆ ಅನ್ನಾದೇ ಹಣೇಬರ. ನಮ್ಮ ಹುಡುಗರು ಬೆಣ್ಣೆದೋಸೆ ತಿನ್ನಾಕೆ ಹೋದ್ರೆ ಮುಂದಿರೋ ಕ್ಯೂ ಬಿಟ್ರೆ ಇನ್ನೇನು ಕಾಣುತ್ತೆ?"

ಅಷ್ಟರಲ್ಲಿ ಭಾವನವರು, ಅಂದರೆ ಅಕ್ಕಾರ ಯಜಮಾನರು, ಬನೀನು ತೊಟ್ಟು ಬೇವಿನಕಡ್ಡಿ ಅಗಿಯುತ್ತ ಹೊರಬಂದರು. ಹರಿಹರದ ಮೈಸೂರು ಕಿರ್ಲೋಸ್ಕರ್‌ನಲ್ಲಿ ಟರ್ನರ್ ಆಗಿದ್ದವರು. 1941ರಲ್ಲಿ ಹುಟ್ಟಿ, ಲೇತು ಮಾಡಿ ಹೆಸರಾಗಿದ್ದ ಕಾರ್ಖಾನೆ ಅದು. ಬಾಗಿಲು ಹಾಕಿ ಎರಡು ದಶಕ ದಾಟಿತು. ದಿನಾ ಬೆಳಿಗ್ಗೆ ಡಬ್ಬಿ ಹಿಡಿದು ಹದಿನಾಲ್ಕು ಕಿಲೋಮೀಟರ್ ಹೋಗಿ ಬರುತ್ತಿದ್ದ ಭಾವನವರ ಕೈ ಈಗಲೂ ಸುಮ್ಮನಿರುವುದಿಲ್ಲ. ಮನೆಯಲ್ಲಿ ಚಪಾತಿ ದಪ್ಪವಾದರೆ ಎಷ್ಟು ಮಿಲಿಮೀಟರ್ ಜಾಸ್ತಿ ಎಂದು ಹೇಳುವ ಮನುಷ್ಯ. ಜಗತ್ತಿನಲ್ಲಿ ಇರುವುದೆಲ್ಲ ಅವರ ಲೆಕ್ಕಕ್ಕೆ ಎರಡೇ: ಅಳತೆಗೆ ಬಂದ ಜಾಬು, ಸ್ಕ್ರಾಪು.

"ಚೆಂಡು ಬೀಳೋ ಕುಳಿ ಎಷ್ಟಿರುತ್ತೆ?" ಇದು ಅವರ ಮೊದಲ ಪ್ರಶ್ನೆ.

"ನಾಲ್ಕೂಕಾಲು ಇಂಚು, 108 ಮಿಲಿಮೀಟರ್."

"ನಾಲ್ಕೂಕಾಲು? ಇದ್ಯಾವ ಲೆಕ್ಕ? ನಾಲ್ಕು ಇಡಬೇಕು, ಇಲ್ಲ ನಾಲ್ಕೂವರೆ."

1829ರಲ್ಲಿ ಸ್ಕಾಟ್ಲೆಂಡಿನ ಮಸಲ್‌ಬರಾದಲ್ಲಿ ಕುಳಿ ಕೊರೆಯಲು ಮಾಡಿಸಿದ್ದ ಉಪಕರಣದ ಬಾಯಿ ಅಷ್ಟಿತ್ತು, 1891ರಲ್ಲಿ ಅದನ್ನೇ ನಿಯಮ ಮಾಡಿದರು ಎಂದೆ. ಭಾವನವರಿಗೆ ಸಮಾಧಾನವಾಯಿತು. ಟೂಲು ಎಷ್ಟೋ ಜಾಬು ಅಷ್ಟು, ಅದು ಅವರಿಗೆ ಅರ್ಥವಾಗುವ ಮಾತು. ಚೆಂಡಿನ ಅಡ್ಡಳತೆ 42.67 ಮಿಲಿಮೀಟರ್‌ಗಿಂತ ಕಡಿಮೆ ಇರಬಾರದು, ತೂಕ 45.93 ಗ್ರಾಂ ಮೀರಬಾರದು ಎಂದಾಗ ಬೇವಿನಕಡ್ಡಿ ಬಾಯಿಂದ ತೆಗೆದರು.

"ದೊಡ್ಡದಾದ್ರೆ ನಡಿಯುತ್ತೆ, ಸಣ್ಣದಾಗಂಗಿಲ್ಲ. ಹಂಗಾದ್ರೆ ಟಾಲರೆನ್ಸು ಒಂದೇ ಕಡೆ. ಚಲೋ ಆಟ!"

ಅಕ್ಕಾರ ಲೆಕ್ಕ ಬೇರೆ. ಜಾಗ ಎಷ್ಟು ಬೇಕು ಎಂದರು. ಹದಿನೆಂಟು ಕುಳಿಯ ಅಂಗಳಕ್ಕೆ ಸಾಮಾನ್ಯವಾಗಿ ನೂರು ಎಕರೆಯಾದರೂ ಬೇಕು ಎಂದೆ. ಅಕ್ಕಾರ ತವರು ಭದ್ರಾ ನಾಲೆಯ ಸೀಮೆ. ಬೆರಳು ಮಡಚಿದರು. "ಎಕರೆಗೆ ಇಪ್ಪತ್ತೈದು ಚೀಲ ಭತ್ತ ಅಂದ್ರೂ ಎರಡೂವರೆ ಸಾವಿರ ಚೀಲ ಆತು. ಅದರ ಮೇಲೆ ಹುಲ್ಲು ಬೆಳೆಸಿ ಚೆಂಡು ಉರುಳಿಸ್ತಾರಾ? ಅದಕ್ಕೆ ನೀರು ಬ್ಯಾರೆ ಬಿಡ್ತಾರೇನು? ಇಲ್ಲಿ ಕೊನೇ ಭಾಗದ ರೈತರಿಗೇ ನಾಲೆ ನೀರು ಮುಟ್ಟಲ್ಲ."

"ಅಜ್ಜಿ, ನಡುವೆ ಮರಳಿನ ಗುಂಡಿನೂ ಇರ್ತಾವು" ಎಂದಳು ಹುಡುಗಿ. "ಚೆಂಡು ಅದರಾಗ ಬಿದ್ರೆ ಕಷ್ಟ."

"ಮರಳು ಹಾಕ್ತಾರಾ?" ಅಕ್ಕಾರು ನಕ್ಕುಬಿಟ್ಟರು. "ಹರಿಹರದ ಕಡೆ ಹಾಕಿ ನೋಡ್ರಿ. ಬೆಳಗಾಗೋದ್ರೊಳಗೆ ಗುಂಡಿ ಇರುತ್ತೆ, ಮರಳು ಲಾರಿ ಹತ್ತಿರುತ್ತೆ!"

ಅವರು ಹೇಳಿದ್ದರಲ್ಲಿ ತಪ್ಪು ಹುಡುಕುವುದು ಕಷ್ಟ. ನೀರು, ನೆಲ, ದುಡ್ಡು ಮೂರನ್ನೂ ಹೀರುವ ಆಟವಿದು. ಆದರೂ ಅದೇ ಆಟದಲ್ಲಿ ನಮ್ಮ ರಾಜ್ಯದ ಹೆಣ್ಣುಮಕ್ಕಳು ಮಾಡಿದ್ದನ್ನು ಕೇಳಿದರೆ ಬೇಲಿ ಹತ್ತಿಯಾದರೂ ನೋಡಬೇಕು ಅನ್ನಿಸುತ್ತದೆ. 2011ರಲ್ಲಿ, ಹದಿಮೂರು ವರ್ಷಕ್ಕೆ, ಅದಿತಿ ರಾಷ್ಟ್ರೀಯ ಹವ್ಯಾಸಿ ಚಾಂಪಿಯನ್. 2012, 13, 14 ಮೂರೂ ವರ್ಷ ರಾಷ್ಟ್ರೀಯ ಜೂನಿಯರ್ ಪಟ್ಟ. 2015ರಲ್ಲಿ ಆಟದ ತವರಿಗೇ ಹೋಗಿ, ಸೇಂಟ್ ಆಂಡ್ರೂಸ್‌ನಲ್ಲಿ ಸೇಂಟ್ ರೂಲ್ ಟ್ರೋಫಿ ಗೆದ್ದಳು. ಅದೇ ವರ್ಷ ಬ್ರಿಟಿಷ್ ಮಹಿಳಾ ಹವ್ಯಾಸಿ ಸ್ಟ್ರೋಕ್ ಪ್ಲೇ ಪಟ್ಟವೂ ಬಂತು. ಅವರ ದ್ವೀಪ, ಅವರ ಹುಲ್ಲು, ಅವರ ಗಾಳಿ. ಕಪ್ಪು ಮಾತ್ರ ಬೆಂಗಳೂರಿಗೆ.

"ಹವ್ಯಾಸಿ ಅಂದ್ರೆ?" ಅಕ್ಕಾರು ಅಲ್ಲೇ ತಡೆದರು.

"ದುಡ್ಡಿಗೆ ಆಡದೋರು. ಗೆದ್ರೆ ಕಪ್ಪು ಕೊಡ್ತಾರೆ. ಬಹುಮಾನಕ್ಕೂ ಮಿತಿ ಐತಿ. 2022ರಲ್ಲಿ ಬಂದ ನಿಯಮದಾಗ 700 ಪೌಂಡು ದಾಟಂಗಿಲ್ಲ. ಅದಕ್ಕಿಂತ ಮುಂಚೆ 500 ಇತ್ತು."

"ಹೋಗಾಕೆ ಬರಾಕೆ ಖರ್ಚು?"

"ಮನೆಯೋರದ್ದು."

"ಕೋಲು, ಚೆಂಡು, ಬೂಟು?"

"ಬಹಳ ಮಂದಿಗೆ ಅದೂ ಮನೆಯೋರದ್ದೇ."

ಅಕ್ಕಾರು ಮೊರವನ್ನು ಒಂದು ಸಲ ಕೇರಿದರು. ಹೊಟ್ಟು ನಮ್ಮ ಕಡೆ ಹಾರಿತು. "ಹಂಗಾದ್ರೆ ನಾನೂ ನಲವತ್ತು ವರ್ಷದಿಂದ ಹವ್ಯಾಸಿನೇ ತಮ್ಮಾ. ಸಂಬಳ ಇಲ್ಲ. ಕಪ್ಪೂ ಕಾಣೆ."

ಭಾವನವರು ಬೇವಿನಕಡ್ಡಿಯನ್ನು ಸೂಕ್ಷ್ಮವಾಗಿ ಪರೀಕ್ಷಿಸತೊಡಗಿದರು. ಅಂಥ ಹೊತ್ತಿನಲ್ಲಿ ಗಂಡಸರಿಗೆ ಕೈಯಲ್ಲಿ ಏನಾದರೊಂದು ವಸ್ತು ಇರಬೇಕು.

ಮಾತು ತಿರುಗಿಸಲೆಂದು ನಾನು ಪ್ಯಾರಿಸ್ಸಿನ ಕಥೆ ತೆಗೆದೆ. 1900ರ ಒಲಿಂಪಿಕ್ಸ್‌ನಲ್ಲಿ ಹೆಂಗಸರಿಗೂ ಗಾಲ್ಫ್ ಇತ್ತು. ಗೆದ್ದವಳು ಮಾರ್ಗರೆಟ್ ಅಬಾಟ್, ಅಮೆರಿಕದವಳು. ಹುಟ್ಟಿದ್ದು ಮಾತ್ರ ನಮ್ಮ ಕಲ್ಕತ್ತೆಯಲ್ಲಿ, 1878ರಲ್ಲಿ. ಒಂಬತ್ತು ಕುಳಿಗೆ 47 ಏಟು. ಬಹುಮಾನವೆಂದು ಒಂದು ಪಿಂಗಾಣಿ ಬಟ್ಟಲು ಕೊಟ್ಟರು. ಆ ಪಂದ್ಯದಲ್ಲಿ ಅವಳ ತಾಯಿಯೂ ಆಡಿದ್ದಳು. ತಮಾಷೆಯೆಂದರೆ, ತಾನು ಆಡಿದ್ದು ಒಲಿಂಪಿಕ್ಸ್ ಎನ್ನುವುದು ಆ ಹೆಂಗಸಿಗೆ ತಿಳಿದಿರಲೇ ಇಲ್ಲ. 1955ರಲ್ಲಿ ತೀರಿಕೊಂಡಳು, ಆಗಲೂ ಗೊತ್ತಿರಲಿಲ್ಲ.

"ಅಯ್ಯೋ ಶಿವನೇ" ಎಂದರು ಅಕ್ಕಾರು. "ಗೆದ್ದಿದ್ದು ಗೊತ್ತಿಲ್ದಂಗೆ ಹೋದ್ಲಾ? ಆ ಬಟ್ಟಲಾಗೆ ಉಪ್ಪಿನಕಾಯಿ ಹಾಕಿಟ್ಟಿದ್ಲೋ ಏನೋ."

ಅಲ್ಲಿಂದ 116 ವರ್ಷ ಒಲಿಂಪಿಕ್ಸ್‌ನಲ್ಲಿ ಹೆಂಗಸರ ಗಾಲ್ಫ್ ಇರಲಿಲ್ಲ. 2016ರಲ್ಲಿ ರಿಯೋದಲ್ಲಿ ಮತ್ತೆ ಶುರುವಾದಾಗ ಹದಿನೆಂಟು ವರ್ಷದ ಅದಿತಿ ಅಲ್ಲಿದ್ದಳು. ಹಿಂದಿನ ಡಿಸೆಂಬರಿನಲ್ಲಿ ಮೊರಾಕ್ಕೊದಲ್ಲಿ ನಡೆದ ಯುರೋಪಿಯನ್ ಟೂರಿನ ಅರ್ಹತಾ ಪರೀಕ್ಷೆಯನ್ನು ಗೆದ್ದು, 2016ರ ಜನವರಿ 1ಕ್ಕೆ ವೃತ್ತಿಪರಳಾಗಿದ್ದಳು. ಆ ಪರೀಕ್ಷೆ ಗೆದ್ದ ಅತಿ ಕಿರಿಯಳು ಆಗ ಅವಳೇ, ಮೊದಲ ಭಾರತೀಯಳೂ ಅವಳೇ. ರಿಯೋದಲ್ಲಿ ಬಂದದ್ದು 41ನೇ ಸ್ಥಾನ. ಚೀಲ ಹೊತ್ತವರು ಅಪ್ಪ.

"ಚೀಲ?"

"ಹೂಂ. ಹದಿನಾಲ್ಕು ಕೋಲಿನವರೆಗೂ ಇಟ್ಕಬೋದು. ಆ ಚೀಲ ಹೊತ್ಕಂಡು ಎಂಟ್ಹತ್ತು ಕಿಲೋಮೀಟರ್ ಜೊತೆಗೆ ನಡೀಬೇಕು. ಕ್ಯಾಡಿ ಅಂತಾರೆ. ಟೋಕಿಯೊ ಒಲಿಂಪಿಕ್ಸ್‌ನಾಗ ಹೊತ್ತಿದ್ದು ಅವರಮ್ಮ."

ಟೋಕಿಯೊ ಅಂದಕೂಡಲೇ ನನಗೆ ಆ ಬೆಳಗು ನೆನಪಾಯಿತು. 2021ರ ಆಗಸ್ಟ್ 7, ಶನಿವಾರ. ಮೂರು ಸುತ್ತು ಮುಗಿದಾಗ ಅದಿತಿ ಎರಡನೇ ಸ್ಥಾನದಲ್ಲಿದ್ದಳು. ಜಗತ್ತಿನ ರ್‍ಯಾಂಕಿಂಗಿನಲ್ಲಿ 200ನೆಯವಳು. ಅದೇ ವರ್ಷ ಕೋವಿಡ್ ಬಂದು ಹೋಗಿ ಮೈಯಲ್ಲಿ ಕಸುವು ಕಡಿಮೆಯಾಗಿತ್ತು. ಉಳಿದವರು ಹೊಡೆದ ಚೆಂಡು ಎಲ್ಲೋ ಮುಂದೆ, ಇವಳದು ಹಿಂದೆ. ಹಿಂದಿನಿಂದ ಬಂದು ಹಸಿರಿನ ಮೇಲೆ ಎಲ್ಲರಿಗಿಂತ ಕಡಿಮೆ ಏಟಿಗೆ ಕುಳಿಗೆ ಕಳಿಸುತ್ತಿದ್ದಳು. ಬೆಳಗಿನ ಜಾವಕ್ಕೇ ಎದ್ದು ಟಿವಿ ಮುಂದೆ ಕೂತಿದ್ದೆ. ಬರ್ಡಿ ಎಂದರೇನು, ಬೋಗಿ ಎಂದರೇನು ಅವತ್ತೇ ಕಲಿತದ್ದು. ನಮ್ಮ ಮನೆಯವಳು ಮೂರು ಸಲ ಬಂದು "ಅಂಕ ಕಡಿಮೆಯಾದ್ರೆ ಒಳ್ಳೇದಾ ಕೆಟ್ಟದ್ದಾ?" ಎಂದು ಕೇಳಿದಳು. ಮಳೆ ಸಿಡಿಲು ಬಂದು ಆಟ ನಿಂತಿತು. ಅರ್ಧಕ್ಕೇ ರದ್ದಾದರೆ ಪದಕ ನಮ್ಮದಾದೀತೇ ಎಂದು ದೇಶವೇ ಲೆಕ್ಕ ಹಾಕಿತು. ರದ್ದಾಗಲಿಲ್ಲ.

ಕೊನೆಯ ಕುಳಿಯಲ್ಲಿ ದೂರದಿಂದ ತಳ್ಳಿದ ಚೆಂಡು ಪಕ್ಕದಲ್ಲೇ ಹಾದು ಹೋಯಿತು. 67, 66, 68, 68. ನಾಲ್ಕು ದಿನಕ್ಕೆ ಒಟ್ಟು 269 ಏಟು. ಬೆಳ್ಳಿ ಗೆದ್ದ ಜಪಾನಿನ ಮೋನೆ ಇನಾಮಿ, ಕಂಚು ಗೆದ್ದ ನ್ಯೂಜಿಲೆಂಡಿನ ಲಿಡಿಯಾ ಕೊ ಇಬ್ಬರದೂ 268. ಚಿನ್ನ ಗೆದ್ದ ಅಮೆರಿಕದ ನೆಲ್ಲಿ ಕೊರ್ಡಾ 267. ಅದಿತಿ ನಾಲ್ಕನೆಯವಳು.

"ಒಂದೇ ಏಟು?" ಎಂದರು ಭಾವನವರು. ಬೇವಿನಕಡ್ಡಿ ಬಿಸಾಡಿದ್ದರು.

"ಒಂದೇ ಏಟು."

ಅವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಹೆಬ್ಬೆರಳಿನಿಂದ ತೋರುಬೆರಳಿನ ತುದಿ ಉಜ್ಜಿದರು, ಕಬ್ಬಿಣದ ಮೇಲ್ಮೈ ಮುಟ್ಟಿ ನೋಡುವಾಗ ಮಾಡುತ್ತಿದ್ದ ಹಾಗೆ. "ಶಾಫ್ಟ್ ಮೇಲೆ ಇಡೀ ದಿನ ಕೆಲಸ ಮಾಡಿರ್ತೀವಿ. ಕೊನೇ ಕಟ್‌ನಾಗೆ ಒಂದು ಥೌ, ಅಂದ್ರೆ ಇಂಚಿನ ಸಾವಿರದ ಒಂದು ಪಾಲು, ಜಾಸ್ತಿ ಹೋದ್ರೆ ಇನ್ಸ್‌ಪೆಕ್ಟರು ಕೆಂಪು ಬಣ್ಣ ಬಳಿದು ಬದಿಗಿಡ್ತಿದ್ರು. ಮೊದಲಿನ ಅಷ್ಟೂ ಕಟ್ಟು ಸರಿ ಇತ್ತು ಅನ್ನಾದು ಯಾರೂ ಬರಕಣ್ತಿರಲಿಲ್ಲ."

ಅದೇ ಆಯಿತು ನೋಡಿ. ಅದೇ ದಿನ ಸಂಜೆ ನೀರಜ್ ಚೋಪ್ರಾ ಜಾವೆಲಿನ್ ಎಸೆದು ಚಿನ್ನ ಗೆದ್ದ. ನಮ್ಮ ಓಣಿಯಲ್ಲೂ ಪಟಾಕಿ ಹೊಡೆದರು. ಬೆಳಿಗ್ಗೆ ಗಾಲ್ಫ್ ಪಂಡಿತರಾಗಿದ್ದವರೆಲ್ಲ ರಾತ್ರಿಯ ಹೊತ್ತಿಗೆ ಜಾವೆಲಿನ್ ಪಂಡಿತರು. ನಾನೂ ಅವರಲ್ಲೊಬ್ಬ.

"ಆಮ್ಯಾಲೆ ಗೆಲ್ಲಲೇ ಇಲ್ವೇನು?" ಅಕ್ಕಾರಿಗೆ ಸೋಲಿನ ಕಥೆ ಸೋಲಿಗೇ ಮುಗಿಯುವುದು ಇಷ್ಟವಿಲ್ಲ.

"ಗೆದ್ಲಜ್ಜಿ!" ಹುಡುಗಿ ಛತ್ರಿ ನೆಲಕ್ಕೆ ಕುಟ್ಟಿದಳು. "ಏಷ್ಯನ್ ಗೇಮ್ಸ್‌ನಾಗ ಬೆಳ್ಳಿ!"

ಅದೂ ಸುಲಭದ ಬೆಳ್ಳಿಯಲ್ಲ. 2023ರಲ್ಲಿ ಚೀನಾದ ಹಾಂಗ್‌ಝೌ. ಮೂರನೇ ದಿನ 61 ಏಟು. ಅಂಥ ಆಟ ಕನಸಲ್ಲಿ ಕಾಣುವಂಥದ್ದು. ಕೊನೆಯ ದಿನಕ್ಕೆ ಕಾಲಿಡುವಾಗ ಏಳು ಏಟಿನ ಮುನ್ನಡೆ, ಚಿನ್ನ ಚೀಲದಲ್ಲೇ ಇದ್ದ ಹಾಗೆ. ಆ ದಿನ ಬಂದದ್ದು 77. ಒಂದೇ ರಾತ್ರಿಯಲ್ಲಿ ಹದಿನಾರು ಏಟಿನ ವ್ಯತ್ಯಾಸ! ಥಾಯ್ಲೆಂಡಿನ ಹುಡುಗಿ ಚಿನ್ನ ಒಯ್ದಳು. ಆದರೂ ಏಷ್ಯನ್ ಗೇಮ್ಸ್ ಗಾಲ್ಫ್‌ನಲ್ಲಿ ಪದಕ ಗೆದ್ದ ಮೊದಲ ಭಾರತೀಯ ಮಹಿಳೆ ಅದಿತಿಯೇ.

"ಆಗುತ್ತಪ್ಪಾ" ಎಂದರು ಅಕ್ಕಾರು, ತಾವೇ ಆಡಿದವರ ಹಾಗೆ. "ಅದೇ ಬ್ಯಾಳಿ, ಅದೇ ಬೆಲ್ಲ, ಅದೇ ಕೈ. ನಿನ್ನೆ ಹೋಳಿಗೆ ಹೂವಿನಂಗೆ ಎದ್ದಿರುತ್ತೆ, ಇವತ್ತು ಹೆಂಚಿನ ಮ್ಯಾಲೆ ಹರಿದು ಹೋಗುತ್ತೆ. ಯಾಕಂತ ಕೇಳಿದ್ರೆ ಏನು ಹೇಳಾದು? ಮರುದಿನ ಮತ್ತೆ ಕಣಕ ನಾದಬೇಕು."

ಅದಿತಿ ನಾದಿದಳು. ಮುಂದಿನ ತಿಂಗಳು, ನವೆಂಬರಿನಲ್ಲಿ, ಸ್ಪೇನ್ ಓಪನ್ ಗೆದ್ದಳು.

ಇನ್ನೊಂದು ಸಂಗತಿ ಪೇಪರಿನಲ್ಲಿ ದೊಡ್ಡದಾಗಿ ಬರಲಿಲ್ಲ. ಹಾಂಗ್‌ಝೌಗೆ ಹೋದ ಭಾರತದ ಮಹಿಳಾ ತಂಡದಲ್ಲಿದ್ದವರು ಮೂವರು: ಅದಿತಿ, ಮೈಸೂರಿನ ಪ್ರಣವಿ ಅರಸ್, ಬೆಂಗಳೂರಿನ ಅವನಿ ಪ್ರಶಾಂತ್. ಮೂವರೂ ನಮ್ಮ ರಾಜ್ಯದವರೇ. ಅವನಿ ಆಗಿನ್ನೂ ಹವ್ಯಾಸಿ, ಹದಿನೆಂಟು ತುಂಬದ ಹುಡುಗಿ. ಅದೇ ವರ್ಷ ಏಷ್ಯಾ ಪೆಸಿಫಿಕ್ ಹವ್ಯಾಸಿಗಳ ಕ್ವೀನ್ ಸಿರಿಕಿಟ್ ಕಪ್‌ನಲ್ಲಿ ವೈಯಕ್ತಿಕ ಪಟ್ಟ ಗೆದ್ದಿದ್ದಳು.

"ಬೆಂಗಳೂರು, ಮೈಸೂರು" ಎಂದು ಅಕ್ಕಾರು ಎರಡು ಬೆರಳು ಎತ್ತಿದರು. "ದಾವಣಗೆರೆ ಎಲ್ಲೈತೆ ಇದರಾಗೆ?"

ಉತ್ತರ ನನ್ನಲ್ಲಿರಲಿಲ್ಲ. ಎರಡು ವರ್ಷಕ್ಕೊಮ್ಮೆ ದುಗ್ಗಮ್ಮನ ಜಾತ್ರೆ ಬಂದರೆ ಕುಸ್ತಿ ಅಖಾಡದ ಸುತ್ತ ಸಾವಿರಗಟ್ಟಲೆ ಜನ ಸೇರುತ್ತಾರೆ. ಕಳೆದ ತಲೆಮಾರಿನವರು ಹಾಲು, ಬಾದಾಮಿ ತಿನ್ನಿಸಿ ಮಗನನ್ನು ಗರಡಿಗೆ ಕಳಿಸಿದ್ದನ್ನು ಕಂಡಿದ್ದೇನೆ. ಅದೂ ಹವ್ಯಾಸವೇ, ಹಾಲಿನ ಖರ್ಚು ಹೊತ್ತ ತಾಯಂದಿರ ಹೆಸರು ಯಾವ ಗರಡಿಯ ಗೋಡೆಯ ಮೇಲೂ ಇಲ್ಲ. ಗಾಲ್ಫ್ ಇರಲಿ, ಕುಸ್ತಿ ಇರಲಿ, ಸಂಗೀತ ಇರಲಿ. ಮಗು ಒಂದು ಹಂತಕ್ಕೆ ಬರುವ ತನಕದ ಹತ್ತು ವರ್ಷಕ್ಕೆ ಸಂಬಳ ಕೊಡುವವರಿಲ್ಲ. ಆ ಹತ್ತು ವರ್ಷದ ಚೀಲವನ್ನು ಮನೆಯವರೇ ಹೊರುತ್ತಾರೆ. ಟೋಕಿಯೊದ ಟಿವಿಯಲ್ಲಿ ಅದು ಕಣ್ಣಿಗೆ ಕಂಡಿತು, ಅಷ್ಟೇ ವ್ಯತ್ಯಾಸ. ನಾವು ಅಳೆಯುವುದು ಮಾತ್ರ ಕೊನೆಯ ಒಂದು ಏಟನ್ನು.

ಬಿಸಿಲು ಏರಿತ್ತು. ಒಳಗಿನಿಂದ ಕುಕ್ಕರ್ ಕೂಗಿತು, ಯಾರ ಮನೆಯದೋ. ಅಕ್ಕಾರು ಮೊರ ಎತ್ತಿಕೊಂಡರು. ಭಾವನವರು ಮೊಮ್ಮಗಳ ಕೈಯಿಂದ ಛತ್ರಿ ತೆಗೆದುಕೊಂಡು ತಿರುಗಿಸಿ ಮುರುಗಿಸಿ ನೋಡಿದರು. "ಹಿಡಿ ಸವೆದೈತೆ. ತೂಕ ಎಲ್ಲಾ ಕಂಬಿ ಕಡೆ ಐತೆ, ಕೊಕ್ಕೆ ಕಡೆ ಇಲ್ಲ. ಚೆಂಡು ಎತ್ತ ಹೋಗಬೇಕು ಪಾಪ. ತಡಿ, ಪಿ.ಬಿ. ರೋಡಿನ ವರ್ಕ್‌ಶಾಪಿನಾಗೆ ನಮ್ಮ ಹುಡುಗ ಅದಾನೆ. ಮುಕ್ಕಾಲು ಇಂಚಿನ ಪೈಪಿಗೆ ಒಂದು ಬ್ಲಾಕ್ ಕೂಡಿಸಿ ಕೊಡ್ತೀನಿ."

"ಕುಂಡದ ದುಡ್ಡು?" ಎಂದೆ ನಾನು, ನಗುತ್ತಲೇ.

ಅದು ಅವರಿಗೆ ಕೇಳಿಸಲಿಲ್ಲ. ಇಳಿಜಾರು ಎಷ್ಟು ಡಿಗ್ರಿ ಇರಬೇಕು ಎಂದು ಹುಡುಗಿಯನ್ನು ಕೇಳುತ್ತಿದ್ದರು. ಅವಳು ಆಗಲೇ ಗೋಡೆ ಹತ್ತಿ ನಮ್ಮ ಹಿತ್ತಲಿಗೆ ಇಳಿದಿದ್ದಳು. ಬಚ್ಚಲ ತೂತಿನ ಬಾಯಲ್ಲಿದ್ದ ಚೆಂಡಿನ ಮುಂದೆ ಕುಕ್ಕರುಗಾಲಲ್ಲಿ ಕೂತು, ಒಂದು ಕಣ್ಣು ಮುಚ್ಚಿ, ಗೋಡೆಯ ಕಡೆ ನೋಡಿದಳು. ಛತ್ರಿ ಇಲ್ಲದ್ದರಿಂದ ನಮ್ಮ ತೆಂಗಿನಗರಿಯ ಪೊರಕೆಯನ್ನೇ ತಿರುಗಿಸಿ ಹಿಡಿದಳು. ನಾನು ಉಳಿದ ಎರಡು ಕುಂಡ ಎತ್ತಿ ಒಳಗಿಟ್ಟೆ.

ಅದಾಗಿ ಮೂರು ವಾರವಾಯಿತು. ಪೈಪಿನ ಕೋಲು ಬಂದಿದೆ. ಕುಂಡದ ನೂರಿಪ್ಪತ್ತು ರೂಪಾಯಿ ಬಂದಿಲ್ಲ, ನಾನು ಕೇಳಿಯೂ ಇಲ್ಲ. ಈ ಹುಡುಗಿ ಗಾಲ್ಫ್ ಅಂಗಳದ ಮುಖ ಯಾವಾಗ ನೋಡುತ್ತಾಳೋ, ಮುಂದಿನ ವರ್ಷ ಛತ್ರಿ ಬಿಟ್ಟು ಶಟಲ್ ಬ್ಯಾಟ್ ಹಿಡಿಯುತ್ತಾಳೋ ಹೇಳಬಲ್ಲವರಾರು? ಆ ತನಕ ನಿಮ್ಮ ಹಿತ್ತಲಿಗೂ ಯಾವುದಾದರೂ ಚೆಂಡು ಬಂದು ಬಿದ್ದರೆ ಒಂದು ಉಪಕಾರ ಮಾಡಿ. ಬೈಯುವುದಿದ್ದರೆ ಬೈಯಿರಿ, ಚೆಂಡು ಮಾತ್ರ ವಾಪಸ್ ಎಸೆಯಿರಿ. ಕುಂಡಗಳನ್ನು ಗೋಡೆ ಮೇಲಿಂದ ಇವತ್ತೇ ಇಳಿಸಿಡಿ.